ಐದನೇ ದಳ

"ಈ ಮೇಜಿನ ಕಾಲಿಗೆ ಒತ್ತು ಕೊಡೋಕೆ ಸರಿಹೋಗುತ್ತೆ ನೋಡಮ್ಮ ನಿನ್ನ ಕಾಗದ. ಬಹಳ ದಿನದಿಂದ ಅಲ್ಲಾಡ್ತಿದೆ ಇದು."

ಗುಮಾಸ್ತ ಟೀಚರಮ್ಮನ ಬಿ.ಎಡ್. ಸರ್ಟಿಫಿಕೇಟನ್ನು ಎರಡು ಬೆರಳಲ್ಲಿ ಎತ್ತಿ ಹಿಡಿದಿದ್ದ. ಇನ್ನೊಂದು ಕೈಯಲ್ಲಿ ಗುಂಡುಸೂಜಿಯಿಂದ ಕಿವಿ ಕೆರೆಯುತ್ತಿದ್ದ. ಸೂಜಿಗೆ ಅಂಟಿ ಬಂದದ್ದನ್ನು ಅದೇ ಸರ್ಟಿಫಿಕೇಟಿನ ಅಂಚಿಗೆ ಒರೆಸಿದ.

ಅದು ಬಡ್ತಿಯ ದಿನ. ಪ್ರೈಮರಿ ಶಾಲೆಗಳ ಮೇಷ್ಟ್ರುಗಳು, ಟೀಚರುಗಳು ಮಕ್ಕಳ ಬೆಂಚಿನಲ್ಲಿ ಮಂಡಿ ಮಡಚಿಕೊಂಡು ಕೊಠಡಿಯ ತುಂಬಾ ಕೂತಿದ್ದರು. ಹೈಸ್ಕೂಲಿನ ವಿಜ್ಞಾನದ ಹುದ್ದೆ ಇದ್ದದ್ದು ಒಂದೇ. ಅದು ಖಾಲಿ ಬಿದ್ದು ಆರು ವರ್ಷ. ಆ ಆರೂ ವರ್ಷ ಅಲ್ಲಿ ಹೋಗಿ ಪಾಠ ಹೇಳಿ ಗಂಟಲು ಹರಿದುಕೊಂಡವಳು ಈ ಟೀಚರಮ್ಮನೇ. ಸೇವಾ ಹಿರಿತನದ ಪಟ್ಟಿಯಲ್ಲೂ ಅವಳೇ ಮೊದಲು.

"ಅಲ್ಲಾ ಸಾರ್, ಈ ಡಿಗ್ರಿ ನೋಡ್ಕೊಂಡೇ ಅಲ್ವಾ ನೀವು ನನ್ನ ಹೈಸ್ಕೂಲಿಗೆ ಕಳಿಸಿದ್ದು?"

"ಪಾಠ ಮಾಡೋಕೆ ನಡೆಯುತ್ತೆ, ಬಡ್ತಿಗೆ ನಡೆಯಲ್ಲ. ಅಂಚೇಲಿ ತರಿಸ್ಕೊಂಡು ಓದಿದ ಡಿಗ್ರಿ ಇದು. ಓದೋಕೆ ಮುಂಚೆ ಇಲಾಖೆ ಅನುಮತಿ ಕೊಟ್ಟಿದ್ರೆ ಮಾತ್ರ ಲೆಕ್ಕಕ್ಕೆ. ಎಲ್ಲಿ ಅನುಮತಿ ಪತ್ರ?"

"ಅರ್ಜಿ ಕೊಟ್ಟಿದ್ದೆ. ಸಾಹೇಬ್ರ ಕೈಗೇ ಕೊಟ್ಟಿದ್ದೆ."

ಪಕ್ಕದ ಕುರ್ಚಿಯಲ್ಲಿ ಶಿಕ್ಷಣಾಧಿಕಾರಿ ಸಾಹೇಬರು ಕಣ್ಣು ಮುಚ್ಚಿ ಕೂತಿದ್ದರು. ಮಾತು ಅವರ ಕಿವಿಗೆ ಬೀಳಲಿಲ್ಲ. ಕೇಳಬಾರದ ಹೊತ್ತಲ್ಲಿ ಕೇಳದ ಕಿವಿ ಅದು.

ಗುಮಾಸ್ತ ದನಿ ಏರಿಸಿದ. "ನಿಮ್ಮಮ್ಮ ಇದೇ ಶಾಲೇಲಿ ಕಕ್ಕಸು ತೊಳೀತಿದ್ಲು, ಬೋರ್ಡ್ ಒರೆಸ್ತಿದ್ಲು. ನೀನು ಬೋರ್ಡ್ ಮೇಲೆ ಬರೆಯೋವರೆಗೂ ಬಂದಿದೀಯ. ಸಾಲದಾ? ಇನ್ನೆಷ್ಟು ಮೇಲಕ್ಕೆ ಹತ್ಬೇಕೇ ನಿಂಗೆ?"

ಹಿಂದೆ ಯಾರೋ ಕಿಸಕ್ಕೆಂದರು. ಉಳಿದವರು ತಮ್ಮ ಕಾಲುಗುರು ನೋಡಿಕೊಂಡರು.

ಅಷ್ಟಕ್ಕೆ ಬಿಟ್ಟಿದ್ದರೆ ಗುಮಾಸ್ತ ಗೆದ್ದುಬಿಡುತ್ತಿದ್ದ. ಆದರೆ ಅವನಿಗೆ ಸಾಹೇಬರ ಎದುರು ಬಾಲ ಅಲ್ಲಾಡಿಸುವ ಚಟ. ದಾಖಲೆಗಳ ಕಟ್ಟಿನಿಂದ ಬಿ.ಎಡ್. ಪಾಠಯೋಜನೆಯ ದಪ್ಪ ರೆಕಾರ್ಡ್ ಪುಸ್ತಕವೊಂದನ್ನು ಎಳೆದು ಅವಳ ಮುಂದೆ ಎಸೆದ.

"ಓದೋದು ಅಂದ್ರೆ ಇದು. ಸಾಹೇಬ್ರ ಅಳಿಯಂದಿರದು. ದಿನಾ ಕಾಲೇಜಿಗೆ ಹೋಗಿ ಓದಿದ್ದು. ನಲವತ್ತು ಪಾಠ, ಒಂದು ಚಿತ್ತಿಲ್ಲ. ಅಕ್ಷರ ನೋಡು, ಮುತ್ತು ಪೋಣಿಸಿದ ಹಾಗಿದೆ. ಇಂಥೋರಿಗೆ ಕಣಮ್ಮ ಬಡ್ತಿ."

ಮುಂದಿನ ಬೆಂಚಿನಲ್ಲಿದ್ದ ಅಳಿಯ ತಟ್ಟನೆ ಬಗ್ಗಿ ಶೂ ಲೇಸು ಕಟ್ಟಿಕೊಳ್ಳತೊಡಗಿದ.

ಟೀಚರಮ್ಮ ಪುಸ್ತಕ ತೆರೆದಳು. ಅವಳದೇ ಅಕ್ಷರ.

"ಅನುಮತಿ ತಾನೇ? ನಿನ್ನ ಮನೆ ಬಾಗಿಲಿಗೇ ಬರುತ್ತೆ," ಎಂದಿದ್ದರು ಸಾಹೇಬರು, ಎಂಟು ವರ್ಷದ ಹಿಂದೆ. "ನಮ್ಮ ಅಳಿಯಂದು ರೆಕಾರ್ಡ್ ಸ್ವಲ್ಪ ಬರ್ಕೊಡು. ಪಾಪ, ಪುರುಸೊತ್ತಿಲ್ಲ ಅವನಿಗೆ." ಸ್ವಲ್ಪ ಎಂದದ್ದು ನಲವತ್ತು ಪಾಠ. ಶಾಲೆ ಬಿಟ್ಟು ಬಂದು, ಒಲೆಯ ಮೇಲೆ ಅನ್ನಕ್ಕಿಟ್ಟು, ಅಡುಗೆಮನೆಯ ನೆಲದ ಮೇಲೆ ಕೂತು ಬರೆದಿದ್ದಳು. ಹದಿನೇಳನೆಯದು ಹೂವಿನ ಭಾಗಗಳು. ದಾಸವಾಳದ ನಾಲ್ಕು ದಳಕ್ಕೆ ಬಳಿಯುವಷ್ಟರಲ್ಲಿ ಮಗಳ ಕೆಂಪು ಬಣ್ಣದ ಕಡ್ಡಿ ತೀರಿಹೋಗಿತ್ತು. "ನನ್ನ ಕೆಂಪೆಲ್ಲಾ ಖಾಲಿ ಮಾಡ್ಬಿಟ್ಟೆ" ಎಂದು ಮಗಳು ರಂಪ ಮಾಡಿದ್ದಳು. ಐದನೇ ದಳಕ್ಕೆ ಟೀಚರಮ್ಮ ಕಿತ್ತಳೆ ಬಳಿದಿದ್ದಳು. ಅದು ಹಾಗೇ ಇತ್ತು. ಅನುಮತಿ ಪತ್ರ ಮಾತ್ರ ಬಾಗಿಲಿಗೂ ಬರಲಿಲ್ಲ, ಕಿಟಕಿಗೂ ಬರಲಿಲ್ಲ.

ಅವಳಿಗೆ ಹೇಸಿಗೆಯಾಯಿತು. ಅವರ ಮೇಲೆ ಎಷ್ಟೋ, ಅಷ್ಟೇ ತನ್ನ ಮೇಲೂ.

"ನೋಡಿದ್ದಾಯ್ತಾ? ಏಳು, ಆಯ್ಕೆ ಆದೋರ ಹೆಸರು ಬೋರ್ಡ್ ಮೇಲೆ ಬರಿ," ಎಂದ ಗುಮಾಸ್ತ. ಪ್ರತಿ ಸಲ ಬಡ್ತಿಯ ದಿನ ಬೋರ್ಡು ಬರೆಯುವ ಬಿಟ್ಟಿ ಕೆಲಸ ಅವಳದೇ. "ನಿನ್ನ ಅಕ್ಷರಾನೂ ಚೆನ್ನಾಗಿದೆ."

ಅವಳು ಪುಸ್ತಕ ಮುಚ್ಚಿ ಹಿಡಿದುಕೊಂಡೇ ಎದ್ದಳು. ಬೋರ್ಡಿನ ಮೇಲೆ ಒಂದು ಎಂದು ಹಾಕಿ ಅಳಿಯನ ಹೆಸರು ಬರೆದಳು. ಅದರ ಕೆಳಗೆ 'ಪಾಠ ಹದಿನೇಳು, ಹೂವಿನ ಭಾಗಗಳು' ಎಂದು ಬರೆದಳು. ಆಮೇಲೆ ಬಣ್ಣದ ಸೀಮೆಸುಣ್ಣ ತೆಗೆದುಕೊಂಡು ದಾಸವಾಳ ಬಿಡಿಸಿದಳು. ನಾಲ್ಕು ದಳ ಕೆಂಪು, ಐದನೆಯದು ಕಿತ್ತಳೆ.

"ಏನೇ ಅದು ಹುಚ್ಚಾಟ?" ಎಂದ ಗುಮಾಸ್ತ.

ಅವಳು ರೆಕಾರ್ಡಿನ ಅದೇ ಪುಟ ಬಿಡಿಸಿ ಬೋರ್ಡಿಗೆ ಒತ್ತಿ ಹಿಡಿದಳು. "ಎಲ್ರೂ ಬಂದು ಎರಡರ ಅಕ್ಷರಾನೂ ನೋಡ್ಕೊಳ್ಳಿ."

ಹಿಂದಿನ ಬೆಂಚಿನಿಂದ ಡ್ರಿಲ್ ಮೇಷ್ಟ್ರು ಎದ್ದು ಬಂದರು. ಕನ್ನಡಕ ಏರಿಸಿ ಪುಸ್ತಕ ನೋಡಿದರು, ಬೋರ್ಡು ನೋಡಿದರು, ಮತ್ತೆ ಪುಸ್ತಕ ನೋಡಿದರು.

"ಥೂ, ಬೋಳಿಮಕ್ಳಾ!"

ಸಾಹೇಬರ ಕಣ್ಣು, ಕಿವಿ ಎರಡೂ ಒಟ್ಟಿಗೇ ತೆರೆದವು. "ಏಯ್, ಬರ್ಕೊಟ್ಟೋಳು ನೀನೇ ತಾನೇ? ಇರೋ ಕೆಲಸಾನೂ ಹೋಗುತ್ತೆ, ಹುಷಾರ್!"

"ಹೋಗ್ಲಿ ಸಾರ್. ತಪ್ಪು ಮಾಡಿದೀನಿ ಅಂತ ಈಗಲೇ ಬರ್ದು ಕೊಡ್ತೀನಿ. ನಿಮ್ಮ ಅಳಿಯಂದಿರೂ ಬರೀಲಿ. ಇಲ್ಲೇ, ಎಲ್ರ ಮುಂದೆ. ಒಂದೇ ಒಂದು ಪಾಠ."

ಸೀಮೆಸುಣ್ಣವನ್ನು ಅಳಿಯನ ಬೆಂಚಿನ ಮೇಲೆ ಇಟ್ಟಳು. ಅವನು ಅದನ್ನು ಮುಟ್ಟಲಿಲ್ಲ.

"ಒರೆಸೇ ಅದನ್ನ! ಮೊದ್ಲು ಒರೆಸು!" ಗುಮಾಸ್ತ ಕಿರುಚಿದ.

ಟೀಚರಮ್ಮ ಡಸ್ಟರ್ ಎತ್ತಿಕೊಂಡಳು. ಮೇಜಿನ ಹತ್ತಿರ ಹೋಗಿ ಅದನ್ನು ಅವನ ಕೈಗೇ ತುರುಕಿದಳು.

"ಒರೆಸ್ತಿದ್ದೋಳು ನಮ್ಮಮ್ಮ. ಸತ್ತು ಮೂರು ವರ್ಷ ಆಯ್ತು. ಇವತ್ತು ನೀವು ಒರೆಸಿ."

ಗುಮಾಸ್ತ ಬೆಂಚುಗಳ ಕಡೆ ನೋಡಿದ. ಯಾರೂ ಏಳಲಿಲ್ಲ. ಸಾಹೇಬರು ಬೆರಳು ಅಲ್ಲಾಡಿಸಿದರು. ಅವನು ಹೋಗಿ ಒರೆಸತೊಡಗಿದ. ಬಣ್ಣದ ಪುಡಿ ಅವನ ತಲೆಯ ಮೇಲೂ ಅಂಗಿಯ ಮೇಲೂ ಉದುರಿತು. ಹೂವು ಪೂರ್ತಿ ಅಳಿಸಿದ ಮೇಲೆ ಏದುಸಿರು ಬಿಡುತ್ತಾ ತಿರುಗಿದ.

ರೆಕಾರ್ಡ್ ಪುಸ್ತಕ ಟೀಚರಮ್ಮನ ಕಂಕುಳಲ್ಲಿತ್ತು. ಅವಳು ಆಗಲೇ ಬಾಗಿಲು ದಾಟಿದ್ದಳು.