ನೀಲಿ ಕೋಟಿಗೆ ಕಲರ್ ರೀಲು

"ಅಳೋದಕ್ಕೂ ಕಲರ್ ರೀಲು ಬೇಕೇನೇ ನಿಂಗೆ? ಕಣ್ಣೀರಿಗೆ ಬಣ್ಣ ಇದೆಯೇನೇ, ಮುಂಡೇದೆ!"

ಸಿನಿಮಾ ಕಂಪನಿಯ ಯಜಮಾನ ಹೀಗೆ ಕಿರುಚುವಾಗ ಸದಾಯೊ ತೆಳು ನಿಲುವಂಗಿ ಸುತ್ತಿಕೊಂಡು ಚಿತ್ರೀಕರಣಕ್ಕೆ ಹಿಡಿದ ಬಾಡಿಗೆ ಕೋಣೆಯ ಚಾಪೆಯ ಮೇಲೆ ನಡುಗುತ್ತ ಕೂತಿದ್ದಳು. ಹೊರಗೆ ಟೋಕಿಯೊದ ಜನವರಿ. ಒಲೆ ಹಚ್ಚುವಂತಿಲ್ಲ, ನಟಿಯ ಮೈ ಬೆಚ್ಚಗಾದರೆ ಕಂಪನಿಯ ಸೀಮೆಎಣ್ಣೆ ಖರ್ಚಾಗುತ್ತದಲ್ಲ!

ಈ ಅಗ್ಗದ ಹಸಿಬಿಸಿ ಸಿನಿಮಾಗಳ ಧರ್ಮವೇ ಅಂಥದು. ಹೆಂಗಸು ಅನ್ನ ಬೇಯಿಸಿದರೆ, ಅತ್ತರೆ, ಗಂಡನ ಚಿತೆಯ ಮುಂದೆ ನಿಂತರೆ ಎಲ್ಲ ಕಪ್ಪುಬಿಳುಪು. ನಡುಪಟ್ಟಿ ಸಡಿಲವಾಗಲಿ, ಪರದೆಗೆ ದಿಢೀರನೆ ಬಣ್ಣ ಬರುತ್ತದೆ. ಕಲರ್ ರೀಲು ದುಬಾರಿ ನೋಡಿ, ಅದನ್ನು ಹೆಂಗಸಿನ ಮುಖದ ಮೇಲೆ ಪೋಲು ಮಾಡಲಾದೀತೇ? ಮೂವತ್ತಕ್ಕೂ ಮೇಲ್ಪಟ್ಟ ಸಿನಿಮಾಗಳಲ್ಲಿ ಸದಾಯೊ ಬಟ್ಟೆ ತೊಟ್ಟಾಗ ಬೂದಿ, ಬಿಚ್ಚಿದಾಗ ಗುಲಾಬಿ.

ಈ ಸಲ ನಿರ್ದೇಶಕ ನಬೇಟ ಮಾತು ಕೊಟ್ಟಿದ್ದ. ವಿಶ್ವವಿದ್ಯಾಲಯದಲ್ಲಿ ಕ್ರಾಂತಿಯನ್ನು ಅರೆದು ಕುಡಿದು ಬಂದವನು. ಅವನ ಕಥೆಯಲ್ಲಿ, ಗಿರಣಿಯ ಯಂತ್ರಕ್ಕೆ ಗಂಡನನ್ನು ಕಳೆದುಕೊಂಡ ಹೆಂಗಸು ಮಾಲೀಕನ ಹಾಸಿಗೆಯಿಂದ ಎದ್ದು, ಗಂಡನ ನೀಲಿ ಕೋಟು ತೊಟ್ಟು ಹೊರಡುತ್ತಾಳೆ. ಆ ದೃಶ್ಯವನ್ನೂ ಕಲರಿನಲ್ಲೇ ತೆಗೆಯುತ್ತೇನೆ ಎಂದಿದ್ದ. ಸದಾಯೊ ಒಪ್ಪಿದ್ದೇ ಅದಕ್ಕೆ. ನೂಲಿನ ಗಿರಣಿಯಲ್ಲಿ ದುಡಿದು ಸತ್ತ ತನ್ನ ಅಪ್ಪನ ಕೋಟನ್ನೇ ಊರಿನಿಂದ ತರಿಸಿದ್ದಳು. ಅದೀಗ ದಿಂಬಿನ ಪಕ್ಕದಲ್ಲಿ ಮಡಿಸಿಟ್ಟಿತ್ತು.

"ಬಟ್ಟೆ ಹಾಕ್ಕೊಳ್ಳೋ ಹೆಂಗಸನ್ನ ನೋಡೋಕೆ ಯಾವ ಬೋಳಿಮಗ ಟಿಕೆಟ್ ತಗೋತಾನೆ? ಆ ಸೀನು ಕಿತ್ತಾಕು!" ಎಂದ ಯಜಮಾನ, ನಬೇಟನತ್ತ ತಿರುಗಿ.

"ನಬೇಟ ಅವ್ರೇ, ನೀವು ಮಾತು ಕೊಟ್ಟಿದ್ರಿ," ಎಂದಳು ಸದಾಯೊ.

ಕ್ರಾಂತಿಕಾರಿ ಕನ್ನಡಕ ಒರೆಸಿಕೊಂಡ. "ಮುಂದಿನ ಚಿತ್ರದಲ್ಲಿ ನೋಡೋಣ. ಇಲ್ಲದಿರೋದ್ರಲ್ಲೂ ಒಂದು ಕಲೆ ಇರುತ್ತೆ ಸದಾಯೊ."

"ಗೊತ್ತು ಬಿಡಿ. ನಿಮ್ಮ ಬೆನ್ನುಮೂಳೆ ನೋಡ್ತಾ ಇದ್ದೀನಲ್ಲ."

ಮುದುಕ ಕ್ಯಾಮೆರಾಮನ್ ಗೆನ್‌ಪಾಚಿಗೆ ನಗು ಬಂದು, ತಿನ್ನುತ್ತಿದ್ದ ಅನ್ನದುಂಡೆ ನೆತ್ತಿಗೇರಿತು.

"ನಗ್ತೀಯೇನೋ? ಕಲರ್ ಇರೋದು ಒಂದೇ ರೀಲು. ಹಾಳಾದ್ರೆ ತೊಗಲು ಸುಲೀತೀನಿ!"

"ನಿರ್ದೇಶಕರು ಕಟ್ ಅಂದ್ರೆ ನಿಲ್ಲಿಸ್ತೀನಿ, ಅಲ್ಲೀತನಕ ಓಡಿಸ್ತೀನಿ ಯಜಮಾನ್ರೆ. ನನ್ನ ಕಸುಬು ಅಷ್ಟೇ."

ದೀಪ ಹತ್ತಿತು. ಕ್ಯಾಮೆರಾ ಗಿರಗುಟ್ಟಿತು. ಮಾಲೀಕನ ಪಾತ್ರದವನು ಮೂಲಂಗಿ ಉಪ್ಪಿನಕಾಯಿಯ ಉಸಿರು ಬಿಡುತ್ತ ಅವಳ ನಡುಪಟ್ಟಿಗೆ ಕೈ ಹಾಕಿದ. ಸದಾಯೊ ಆ ಕೈ ತಳ್ಳಿ ಎದ್ದು ನಿಂತಳು. ಕೋಟು ಕೊಡವಿ ತೋಳು ತೂರಿಸಿದಳು.

"ಲೋ ನಬೇಟ, ಕಟ್ ಅನ್ನೋ, ನಾಯಿ! ರೀಲು ಹೋಗ್ತಾ ಇದೆ!" ಯಜಮಾನ ಗಂಟಲು ಹರಿದುಕೊಂಡ. ಧ್ವನಿ ಸೇರಿಸುವುದು ಹೇಗೂ ಆಮೇಲೆ, ಹಾಗಾಗಿ ಅವನ ಬೈಗುಳವೆಲ್ಲ ಗಾಳಿಪಾಲಾಯಿತು.

ನಬೇಟ ಮತ್ತೆ ಕನ್ನಡಕ ಬಿಚ್ಚಿ ಒರೆಸತೊಡಗಿದ. ಅವನ ಹೇಡಿತನ ಮೊದಲ ಸಲ ಒಬ್ಬರ ಉಪಯೋಗಕ್ಕೆ ಬಂತು.

"ಗೆನ್‌ಪಾಚಿ, ನೀನಾದ್ರೂ ನಿಲ್ಲಿಸೋ!"

"ನಿರ್ದೇಶಕರು ಹೇಳ್ಲಿಲ್ವಲ್ಲ."

ಯಜಮಾನ ಅವಳತ್ತ ನುಗ್ಗಿದ.

"ಬನ್ನಿ ಬನ್ನಿ," ಎಂದಳು ಸದಾಯೊ, ಗುಂಡಿ ಹಾಕಿಕೊಳ್ಳುತ್ತಲೇ. "ಇನ್ನೊಂದು ಹೆಜ್ಜೆ ಇಟ್ರೆ ನೀವೂ ಕಲರಿನಲ್ಲಿ ಬರ್ತೀರಿ."

ಅವನ ಕಾಲು ಅಲ್ಲೇ ನಿಂತಿತು.

ಕೋಟಿಗೆ ಇನ್ನೂ ಯಂತ್ರದ ಎಣ್ಣೆಯ ವಾಸನೆಯಿತ್ತು. ಅವಳು ಒಂದೊಂದೇ ಗುಂಡಿ ಹಾಕುತ್ತ ಕುತ್ತಿಗೆಯವರೆಗೂ ಬಂದು, ಕ್ಯಾಮೆರಾವನ್ನು ನೇರ ನೋಡಿದಳು. ರೀಲು ಮುಗಿದು ಅದರ ತುದಿ ಒಳಗೆ ಪಟಪಟ ಬಡಿಯತೊಡಗಿತು. ಆಗಲೂ ಯಾರೂ ಕಟ್ ಅನ್ನಲಿಲ್ಲ.