ಕೊನೇ ಪುಟದ ಮಾತು

"ಆ ಕ್ಯಾಮೆರಾ ಹೊಸ್ತಿಲು ದಾಟಿದ್ರೆ ನೋಡಿ!" ಮಗಳು ಎರಡೂ ಕೈ ಅಗಲಿಸಿ ಬಾಗಿಲಿಗೆ ಅಡ್ಡ ನಿಂತಳು.

ನಿರ್ದೇಶಕ ಕಣ್ಸನ್ನೆ ಮಾಡಿದ. ಕ್ಯಾಮೆರಾದವನು ಮೆಟ್ಟಿಲ ಮೇಲೆಯೇ ಉಳಿದ.

ಒಳಗೆ ಹಜಾರದಲ್ಲಿ, ಉದ್ದನೆಯ ಮೇಜಿನ ಮೇಲೆ, ಅವಳ ಅಪ್ಪ ಮಲಗಿದ್ದರು. ನಲವತ್ತು ವರ್ಷ ನಾಟಕ ಕಂಪನಿಯ ಪರದೆಯ ಮರೆಯಲ್ಲಿ ಸ್ಟೂಲಿನ ಮೇಲೆ ಕೂತು, ನಟರು ಮರೆತ ಮಾತನ್ನು ಪಿಸುದನಿಯಲ್ಲಿ ಎತ್ತಿಕೊಟ್ಟವರು. ಎಲ್ಲರಿಗೂ ಅವರು ಪಿಸುಮಾತಿನ ಮೇಷ್ಟ್ರು. ಅವರು ಗಟ್ಟಿಯಾಗಿ ಮಾತಾಡಿದ್ದನ್ನು ಹೆಂಡತಿಯೂ ಕೇಳಿರಲಿಲ್ಲ.

"ಗೌರವ ಸಲ್ಲಿಸೋಕೆ ಬಂದೆ ಕಣಮ್ಮ," ಎಂದ ನಿರ್ದೇಶಕ.

"ಗೌರವವಂತೆ! ಮೂರು ನಾಟಕ ಸಿನಿಮಾ ಮಾಡಿದ್ರಿ. ಮೂರರಲ್ಲೂ ಅಪ್ಪ ಮಂಚದ ಕೆಳಗೆ, ಬೀರು ಹಿಂದೆ ಬಗ್ಗಿ ಕೂತು ಮಾತು ಎತ್ತಿಕೊಟ್ರು. ಟೀ ತಂದವನ ಹೆಸರೂ ತೆರೆ ಮೇಲಿದೆ, ಅವರದಿಲ್ಲ."

"ಮುಂದಿನ ಸಿನಿಮಾದಲ್ಲಿ ಖಂಡಿತ..."

"ಮುಂದಿನದಾ? ಅಲ್ಲಿ ಮಲಗಿರೋದು ಕಾಣ್ತಿಲ್ವಾ? ಇವತ್ತು, ಇಷ್ಟು ಜನರ ಮುಂದೆ, ನಿಮ್ಮ ಸಿನಿಮಾದ ಆ ಕೊನೇ ಮಾತು ಯಾರದು ಅಂತ ಹೇಳಿ. ಅಷ್ಟು ಸಾಕು."

"ಆಯ್ತಮ್ಮ, ಹೇಳ್ತೀನಿ."

"ನಾಯಿ ಬಾಲ ಡೊಂಕು," ಎಂದು ಮೂಲೆಯಲ್ಲಿ ಕೂತ ಕಂಪನಿಯ ಹಳೇ ನಟಿ ಗೊಣಗಿದಳು.

*

ಆ ಮಾತು ಹುಟ್ಟಿದ್ದೇ ಒಂದು ಎಡವಟ್ಟಿನಿಂದ. ಹೊಸ ನಾಟಕ, ಎರಡೇ ತಾಲೀಮು, ಇದ್ದದ್ದು ಒಂದೇ ಪ್ರತಿ. ಮೊದಲ ಪ್ರದರ್ಶನದಲ್ಲಿ, ಮಗನನ್ನು ಕಳೆದುಕೊಂಡ ತಾಯಿಯ ಪಾತ್ರದಲ್ಲಿದ್ದ ಇದೇ ನಟಿ ಕೊನೇ ಮಾತು ಮರೆತು ನಿಂತಳು. ಮೇಷ್ಟ್ರು ಪುಟ ತಿರುವಿದರೆ ಕೊನೇ ಪುಟವೇ ಇಲ್ಲ! ರಂಗದ ಬಾಗಿಲು ಅಲುಗಾಡುತ್ತದೆಂದು ಬಡಗಿ ಮಹಾಶಯ ಅದನ್ನೇ ಹರಿದು ಮಡಚಿ ಸಂದಿಗೆ ತುರುಕಿದ್ದ.

ಮೇಷ್ಟ್ರು ಬೆವತುಹೋದರು. ಆಮೇಲೆ ಬಾಯಿಗೆ ಬಂದದ್ದನ್ನು ಪಿಸುಗುಟ್ಟಿದರು: "ಬಾಗಿಲು ಹಾಕಬೇಡಿ. ಹೋದವನು ಬರಲಿ ಅಂತಲ್ಲ, ಉಳಿದವರಿಗೆ ಗಾಳಿ ಬೇಕು."

ನಟಿ ಹೇಳಿದಳು. ಜನ ಗೊಳೋ ಎಂದು ಅತ್ತರು. ಮಾರನೇ ದಿನ ಪುಟ ಸಿಕ್ಕಿತು, ಯಾರಿಗೂ ಬೇಕಾಗಲಿಲ್ಲ.

ಈ ನಿರ್ದೇಶಕ ಆಗ ಆ ಕಂಪನಿಯ ನಾಯಕ ನಟ. ರೂಪವಿತ್ತು, ನೆನಪು ಮಾತ್ರ ತೂತು ಕೊಡ. ಅವನ ಎಡಗಿವಿ ಸದಾ ಮೇಷ್ಟ್ರ ಪರದೆಯ ಕಡೆಗೇ ಇರುತ್ತಿತ್ತು. ಅಂಥವನು ಆ ನಾಟಕವನ್ನು ಸಿನಿಮಾ ಮಾಡಿ, 'ಸಂಭಾಷಣೆ' ಎಂದು ತನ್ನ ಹೆಸರು ಹಾಕಿಕೊಂಡ. ಆ ಮಾತು ಗೋಡೆಗೋಡೆಯ ಪೋಸ್ಟರಿನ ಮೇಲೆ ಮೆರೆಯಿತು.

ಮೇಷ್ಟ್ರು ಮಗಳನ್ನು ಕರೆದುಕೊಂಡು ಸಿನಿಮಾಕ್ಕೆ ಹೋದರು. ಹೆಸರುಗಳೆಲ್ಲ ಮುಗಿದು ದೀಪ ಹತ್ತಿದರೂ ಏಳಲಿಲ್ಲ. ಕಸ ಗುಡಿಸುವವಳು ಎಬ್ಬಿಸಿದಾಗ, "ಅಕ್ಷರ ಸಣ್ಣದಿತ್ತು. ನಂಗೇ ಕಾಣಲಿಲ್ಲವೇನೋ ಮಗಳೇ," ಎಂದರು.

ಮಗಳಿಗೆ ಮೈಯೆಲ್ಲ ಉರಿದುಹೋಗಿತ್ತು. ಆ ಉರಿ ಇನ್ನೂ ಆರಿಲ್ಲ.

*

ಹೆಣದ ಗಾಡಿ ಬಂದು ನಿಂತಿತು. ನಿರ್ದೇಶಕ ಮೇಷ್ಟ್ರ ತಲೆಯ ಬಳಿ ನಿಂತು ಗಂಟಲು ಸರಿಮಾಡಿಕೊಂಡ.

"ಮೇಷ್ಟ್ರು ನನಗೆ ಅಣ್ಣ ಇದ್ದ ಹಾಗೆ. ನಾನು ಬರೆದ ಒಂದು ಮಾತು ಅಂದ್ರೆ ಅವರಿಗೆ ಪ್ರಾಣ..."

ನಾನು ಬರೆದ! ಹೆಣದ ಮುಂದೆ ನಿಂತು! ಮಗಳು ಸರಿದು ಹಳೇ ನಟಿಯ ಪಕ್ಕ ಬಂದು ನಿಂತಳು.

"ಇವತ್ತು ಅದೇ ಮಾತು ಹೇಳಿ ಅವರನ್ನ ಕಳಿಸಿಕೊಡೋಣ. ಬಾಗಿಲು ಹಾಕಬೇಡಿ. ಹೋದವನು ಬರಲಿ ಅಂತಲ್ಲ..."

ನಿಂತುಬಿಟ್ಟ. ಕೆಮ್ಮಿದ. "ಹೋದವನು ಬರಲಿ ಅಂತಲ್ಲ..."

ಜನ ಮುಖ ಮುಖ ನೋಡಿಕೊಂಡರು. ಅಭ್ಯಾಸಬಲ, ಹಳೇ ನಟಿಯ ತುಟಿ ಅಲುಗಿತು. ಮಗಳು ಅವಳ ಮುಂಗೈ ಹಿಡಿದಳು.

"ಬೇಡ ದೊಡ್ಡಮ್ಮ," ಎಂದಳು, ಇಡೀ ಹಜಾರಕ್ಕೆ ಕೇಳುವಂತೆ. "ಅವರೇ ಬರೆದದ್ದಲ್ವಾ? ಅವರೇ ಹೇಳ್ಲಿ."

ನಿರ್ದೇಶಕನ ಕತ್ತು ತನಗೇ ತಿಳಿಯದಂತೆ ಹೊರಳಿ, ಎಡಗಿವಿ ಮೇಷ್ಟ್ರ ಮುಚ್ಚಿದ ಬಾಯಿಯ ಕಡೆ ಬಾಗಿ ನಿಂತಿತು.