ವೆಂಡೆಲ್‌ನ ಗೋಲು

ಗ್ಯಾರೆತ್ ಲ್ಯಾಪ್‌ಟಾಪ್ ಮುಚ್ಚಲು ಕೈ ಚಾಚಿದಾಗ ಮೋಹಿನಿ ಅವನ ಮಣಿಕಟ್ಟು ಹಿಡಿದುಕೊಂಡಳು.

"ಇನ್ನೊಮ್ಮೆ ಹಾಕು," ಎಂದಳು.

ಲಂಡನ್ನಿನ ಇಲ್ಫರ್ಡಿನ ಸಾಲುಮನೆಯ ಎದುರು ಶವದ ಕಾರು ಇಂಜಿನ್ ನಿಲ್ಲಿಸದೆ ಕಾಯುತ್ತಿತ್ತು. ಅದರೊಳಗೆ ಅವಳ ಗಂಡ ಲೆಸ್ಟರ್ ಡೇಕರ್ಸ್. ಮಂಡಿ ಕೈಕೊಡುವ ತನಕ ಚೆಂಡು ಒದ್ದವನು, ಆಮೇಲೆ ಟಿ.ವಿ.ಯಲ್ಲಿ ಶನಿವಾರದ ಫುಟ್‌ಬಾಲ್ ಕಾರ್ಯಕ್ರಮ ನಡೆಸಿದವನು, ಕಳೆದ ವಾರ ಸ್ಟುಡಿಯೋದ ಕಾರ್ ಪಾರ್ಕಿನಲ್ಲಿ ಎದೆ ಹಿಡಿದು ಕುಸಿದವನು. ಗ್ಯಾರೆತ್ ಆ ಕಾರ್ಯಕ್ರಮದ ನಿರ್ಮಾಪಕ. ಚಿತಾಗಾರದಲ್ಲಿ ತೋರಿಸಲು ಚಾನೆಲ್‌ನವರು ಒಂದು ಪುಟ್ಟ ಚಿತ್ರ ಮಾಡಿಸಿದ್ದರು. ಮನೆಯವರಿಗೆ ಮೊದಲೇ ತೋರಿಸುವುದು ಸೌಜನ್ಯವೆಂದು ಹೊರಡುವ ಹೊತ್ತಿಗೆ ತಂದಿದ್ದ.

ಚಿತ್ರ ಮತ್ತೆ ಓಡಿತು. ಸ್ಟುಡಿಯೋದಲ್ಲಿ ನಗುತ್ತಿರುವ ಲೆಸ್ಟರ್. ಮೈಕು ಹಿಡಿದ ಲೆಸ್ಟರ್. ಆಮೇಲೆ ಕೆಸರಾದ ಮೈದಾನ, ೧೯೯೧ರ ಕಪ್ ಸೆಮಿಫೈನಲ್, ಗಾಳಿಗೆ ಎದ್ದು ತಲೆಯಿಂದ ಚೆಂಡು ಬಡಿದು ಬಲೆಗೆ ಸೇರಿಸುವ ಕಪ್ಪು ಆಟಗಾರ. ಕೆಳಗೆ ಬಿಳಿ ಅಕ್ಷರದಲ್ಲಿ ಲೆಸ್ಟರನ ಹೆಸರು, ಹುಟ್ಟಿದ ವರ್ಷ, ಸತ್ತ ವರ್ಷ.

"ಇದು ಲೆಸ್ಟರ್ ಅಲ್ಲ, ಗ್ಯಾರೆತ್. ಇದು ವೆಂಡೆಲ್ ಬ್ಯಾರೆಟ್."

ಗ್ಯಾರೆತ್ ಪರದೆಯತ್ತ ಬಾಗಿದ. ಅವನು ನಾಚಿದಂತೇನೂ ಕಾಣಲಿಲ್ಲ, ಗಡಿಯಾರ ನೋಡಿಕೊಂಡ. ಅಷ್ಟರಲ್ಲಿ ಬಾಗಿಲ ಬಳಿ ಕಪ್ಪು ಕೋಟು ತೊಟ್ಟು ನಿಂತಿದ್ದ ಮಗಳು ಸಮೀಕ್ಷಾ ಹೇಳಿದಳು: "ಮಮ್, ದಟ್ಸ್ ಡ್ಯಾಡ್ಸ್ ಗೋಲ್."

ಮೋಹಿನಿಯ ಕೈ ಸಡಿಲವಾಯಿತು. ಹದಿಮೂರು ವರ್ಷದ ಹುಡುಗಿ. ಶಾಲೆಯಲ್ಲಿ, ಬಸ್ಸಿನಲ್ಲಿ, ಕಟಿಂಗ್ ಶಾಪಿನಲ್ಲಿ ಎಲ್ಲರೂ ಅವಳಿಗೆ ಹೇಳಿದ್ದು ಆ ಗೋಲಿನ ಕತೆಯನ್ನೇ. ಅಪ್ಪ ಒಮ್ಮೆಯೂ ಅಲ್ಲ ಅಂದಿರಲಿಲ್ಲ.

*

ಲೆಸ್ಟರ್, ವೆಂಡೆಲ್ ಇಬ್ಬರೂ ಒಂದೇ ಕ್ಲಬ್ಬಿನಲ್ಲಿ ಬೆಳೆದವರು. ಆ ಕ್ಲಬ್ಬಿನಲ್ಲಿದ್ದ ಕಪ್ಪು ಹುಡುಗರು ಇಬ್ಬರೇ. ಲೆಸ್ಟರ್ ಬಲಗಡೆಯಿಂದ ಓಡಿ ಚೆಂಡು ಕೊಡುವವನು, ವೆಂಡೆಲ್ ಎಗರಿ ಹೊಡೆಯುವವನು. ಗ್ಯಾಲರಿಯಿಂದ ಬಾಳೆಹಣ್ಣು ಬೀಳುತ್ತಿತ್ತು, ಸಾವಿರ ಗಂಟಲು ಒಟ್ಟಿಗೆ ಕೋತಿಯಂತೆ ಕೂಗುತ್ತಿದ್ದವು. ಎದುರಾಳಿ ತಂಡದವರಷ್ಟೇ ಅಲ್ಲ, ಟಿಕೆಟ್ ಕೊಂಡು ಇವರ ತಂಡಕ್ಕೇ ಜೈ ಅನ್ನಲು ಬಂದವರೂ. ಸೋಮವಾರದ ಪತ್ರಿಕೆಯಲ್ಲಿ ಇಬ್ಬರ ಚಿತ್ರಕ್ಕೆ ಹೆಸರು ಅದಲುಬದಲಾಗಿರುತ್ತಿತ್ತು. ಮುಖ ನೋಡುವ ಕಷ್ಟವನ್ನು ಯಾರೂ ತೆಗೆದುಕೊಳ್ಳುತ್ತಿರಲಿಲ್ಲ.

ಮೋಹಿನಿಯ ಮನೆಯವರೂ ಆ ಕಷ್ಟ ತೆಗೆದುಕೊಂಡಿರಲಿಲ್ಲ. ಅಪ್ಪ ಕರುಣಾಕರ ಕುಂದಾಪುರದಿಂದ ಬಂದು ಹೋಟೆಲಿನ ದೋಸೆಕಾವಲಿಯ ಮುಂದೆ ಬೆಂದವರು, ಇದೇ ಊರಿನ ರಸ್ತೆಯಲ್ಲಿ ಬಿಳಿಯರಿಂದ ಉಗುಳಿಸಿಕೊಂಡವರು. ಆದರೂ ಮಗಳು ಮೆಚ್ಚಿದವನ ಬಣ್ಣ ಕೇಳಿ ಎರಡು ವರ್ಷ ಮಾತು ಬಿಟ್ಟಿದ್ದರು. ಕೊನೆಗೆ ಒಪ್ಪಿ, ಬರಹೇಳಿದ ದಿನ ಗೆಳೆಯರಿಬ್ಬರೂ ಬಂದರು. ಕರುಣಾಕರ ಬಾಗಿಲಲ್ಲೇ ಕಾಲಿಗೆ ನೀರು ಕೊಟ್ಟು, ಬೆಲ್ಲ-ನೀರು ಕುಡಿಸಿ, ಹಣೆಗೆ ಕುಂಕುಮವಿಟ್ಟು, ಊರಿಂದ ತರಿಸಿದ ಶಾಲು ಹೊದಿಸಿ ಅಳಿಯನನ್ನು ಒಳಗೆ ಕರೆದರು. ಶಾಲು ಹೊದ್ದು ತಬ್ಬಿಬ್ಬಾಗಿ ನಿಂತವನು ವೆಂಡೆಲ್. ಲೆಸ್ಟರ್ ಹಿಂದೆ, ಮಿಠಾಯಿ ಡಬ್ಬಿ ಹಿಡಿದು, ನಗು ತಡೆಯಲಾರದೆ ಗೋಡೆಗೆ ಒರಗಿದ್ದ.

"ಇಬ್ರೂ ಒಂದೇ ನಮೂನಿ ಕಂಡ್ರ್. ನಂಗ್ ಎಂತ ಗೊತ್ತ್?" ಎಂದು ಕರುಣಾಕರ ಒಳಗೆ ಹೋಗಿ ಹೆಂಡತಿಯ ಮೇಲೆ ರೇಗಿದರು.

ವೆಂಡೆಲ್ ಶಾಲು ಮರಳಿಸುವಾಗ, ಇಷ್ಟೆಲ್ಲ ಮಾಡಿದ ಮೇಲೆ ಹುಡುಗಿಯನ್ನೂ ನಾನೇ ಕರೆದೊಯ್ಯುವುದು ಮರ್ಯಾದೆ ಅಲ್ಲವೇ ಎಂದು ಕೇಳಿದ್ದ. ಅಂದು ಎಲ್ಲರೂ ನಕ್ಕರು. ನಗಬಹುದಾದ ತಪ್ಪು ಅದೊಂದೇ, ಯಾಕೆಂದರೆ ಅದನ್ನು ಅಲ್ಲಿಯೇ ತಿದ್ದಿದ್ದರು.

*

ಶವದ ಕಾರಿನ ಹಿಂದೆ ಮನೆಯವರ ಕಾರು ರೋಮ್‌ಫರ್ಡ್ ರಸ್ತೆಯಲ್ಲಿ ತೆವಳುತ್ತಿತ್ತು. ಗ್ಯಾರೆತ್ ಫೋನು ಮಾಡಿ ಹೇಳಿಯಾಗಿತ್ತು: ಬದಲಿಸಲು ಹೊತ್ತಿಲ್ಲ, ಪ್ರೊಜೆಕ್ಟರ್ ಆಗಲೇ ಸಿದ್ಧವಾಗಿದೆ, ಜನಕ್ಕೆ ಗೊತ್ತಿರುವುದು ಆ ಗೋಲೇ. ಕೊನೆಗೆ ಮೆತ್ತಗೆ ಸೇರಿಸಿದ್ದ: ಲೆಸ್ಟರ್ ಯಾವತ್ತೂ ಆಕ್ಷೇಪಿಸಲಿಲ್ಲವಲ್ಲ.

ಮೋಹಿನಿ ಉಗುರಿನಿಂದ ಸೀಟಿನ ಹೊಲಿಗೆ ಕೀಳುತ್ತಿದ್ದಳು. ವೆಂಡೆಲ್‌ಗೆ ಫೋನು ಮಾಡಿ ಅಂತ್ಯಕ್ರಿಯೆಗೆ ಕರೆದವಳು ಅವಳೇ. ಬಾಯಿ ಮುಚ್ಚಿಕೊಂಡರೆ ಅವನ ಕಣ್ಣೆದುರೇ ಅವನ ಗೋಲನ್ನು ಇನ್ನೊಬ್ಬನ ಹೆಸರಲ್ಲಿ ಸುಟ್ಟುಬಿಡುತ್ತಾರೆ. ಬಾಯಿ ಬಿಟ್ಟರೆ ಗಂಡ ತನ್ನ ಶವಪೆಟ್ಟಿಗೆಯಲ್ಲೇ, ಮಗಳ ಎದುರಿಗೆ, ಸುಳ್ಳನಾಗುತ್ತಾನೆ.

ಸಮೀಕ್ಷಾ ಕಿವಿಗೆ ಹಾಡು ಸಿಕ್ಕಿಸಿಕೊಂಡು ಕಿಟಕಿಯತ್ತ ತಿರುಗಿದ್ದಳು. ಪಕ್ಕದಲ್ಲಿದ್ದ ಕರುಣಾಕರ ಎಲ್ಲ ಕೇಳಿಸಿಕೊಂಡು ಗಂಟಲು ಸರಿಮಾಡಿಕೊಂಡರು.

"ಬಿಡ್ ಹೆಣೆ. ಸತ್ತವ್ರ್ ಮರ್ಯಾದಿ ಎಲ್ರ್ ಎದ್ರಿಗೆ ತೆಗುಕಾಗ. ಅವ್ನೇ ಸುಮ್ನಿದ್ದ, ನೀ ಎಂತಕೆ ಬಾಯಿ ಬಿಡುದ್?"

"ಅವ್ರ್ ಸುಮ್ನಿದ್ದದ್ ಹೊಟ್ಟಿಪಾಡಿಗ್ ಅಪ್ಪಯ್ಯ. ನಾನ್ ಎಂತಕ್ ಸುಮ್ನಿರ್ಕ್?"

"ಮಗು ಇತ್ತಲ್ದಾ," ಎಂದರು ಕರುಣಾಕರ, ಸಮೀಕ್ಷಾಳತ್ತ ಕಣ್ಣು ತೋರಿಸಿ.

ಮೋಹಿನಿ ಸೀಟಿನ ಇನ್ನೊಂದು ಎಳೆ ಕಿತ್ತಳು. ಸಿಗ್ನಲ್ಲು ಹಸಿರಾಯಿತು, ಮುಂದಿನ ಕಾರು ಹೊರಡಲಿಲ್ಲ.

*

ಟಿ.ವಿ.ಗೆ ಸೇರಿದ ಹೊಸತರಲ್ಲಿ ಮೇಕಪ್ ಕೋಣೆಯಲ್ಲಿ ಲೆಸ್ಟರನ ಮೈಬಣ್ಣದ ಪೌಡರೇ ಇರಲಿಲ್ಲ. ಇದ್ದುದನ್ನೇ ಬಳಿದು ಅವನನ್ನು ಬೂದಿ ಮಾಡಿ ಕೂರಿಸುತ್ತಿದ್ದರು. ಮೋಹಿನಿ ಇಲ್ಫರ್ಡ್ ಲೇನಿನ ಅಂಗಡಿಯಲ್ಲಿ ಹುಡುಕಿ ಒಂದು ಡಬ್ಬಿ ತಂದುಕೊಟ್ಟಳು. ಅವನು ಅದನ್ನು ಕೋಟಿನ ಜೇಬಿನಲ್ಲಿಟ್ಟುಕೊಂಡು ಹೋಗುತ್ತಿದ್ದ, ಶೌಚಾಲಯದಲ್ಲಿ ಹಚ್ಚಿಕೊಳ್ಳುತ್ತಿದ್ದ.

ಕಿವಿಯೊಳಗೊಂದು ಪುಟ್ಟ ಸ್ಪೀಕರು. ಅದರಲ್ಲಿ ಗ್ಯಾರೆತ್‌ನ ದನಿ: ಕ್ಯಾಮೆರಾ ಎರಡು ನೋಡು, ಮುಗಿಸು, ನಗು. ೧೯೯೬ರ ಒಂದು ಶನಿವಾರ, ಜೊತೆಗೆ ಕೂತ ಹಳೆಯ ಆಟಗಾರನೊಬ್ಬ ಲೆಸ್ಟರನ ಬೆನ್ನು ತಟ್ಟಿ, ಈ ಮನುಷ್ಯ ಸೆಮಿಫೈನಲ್‌ನಲ್ಲಿ ತಲೆಯಿಂದ ಹೊಡೆದ ಆ ಗೋಲು, ಆ ಹೆಡರ್, ಇದೆಯಲ್ಲ ಅಂದ. ಲೆಸ್ಟರನ ತುಟಿ ತೆರೆಯಿತು. ಮನೆಯಲ್ಲಿ ನೋಡುತ್ತಿದ್ದ ಮೋಹಿನಿಗೆ ಅದು ಕಂಡಿತು. ಆಮೇಲೆ ತುಟಿ ಹಿಗ್ಗಿ ನಗುವಾಯಿತು.

ಯಾಕೆ ತಿದ್ದಲಿಲ್ಲವೆಂದು ಭಾನುವಾರ ಬೆಳಿಗ್ಗೆ ಅವಳು ಕೇಳಿದಳು. ಅವನು ಟೋಸ್ಟಿಗೆ ಬೆಣ್ಣೆ ಸವರುತ್ತಲೇ ಹೇಳಿದ: "'ಬಿಡು, ಹೊತ್ತಿಲ್ಲ, ನಗು' ಅಂತ ಗ್ಯಾರೆತ್ ಕಿವಿಯಲ್ಲಿ ಹೇಳಿದ. ನಕ್ಕೆ. ಮುಂದಿನ ವಾರ ಸರಿ ಮಾಡ್ತೇನೆ."

ಮುಂದಿನ ವಾರ ಬೇರೆ ಪಂದ್ಯವಿತ್ತು. ಅದರ ಮುಂದಿನ ವಾರ ಹೊಸ ಕರಾರು ಬಂತು. ತಕರಾರು ಮಾಡುವ ಕಪ್ಪು ಮನುಷ್ಯನಿಗೆ ಆ ಸ್ಟುಡಿಯೋದಲ್ಲಿ ಎರಡನೇ ಕುರ್ಚಿಯಿರಲಿಲ್ಲ, ಮೊದಲನೆಯದೇ ಪುಣ್ಯಕ್ಕೆ ಸಿಕ್ಕಿತ್ತು. ವೆಂಡೆಲ್ ಎರಡು ಸಲ ಫೋನು ಮಾಡಿದ. ಲೆಸ್ಟರ್ ಹಾಲ್‌ನಲ್ಲಿ ನಿಂತು ಅದು ಹೊಡೆದುಕೊಳ್ಳುವುದನ್ನು ಕೇಳುತ್ತಿದ್ದನೇ ಹೊರತು ಎತ್ತಲಿಲ್ಲ. ಆಮೇಲೆ ಫೋನು ಬರಲಿಲ್ಲ.

*

ಚಿತಾಗಾರದ ಪ್ರಾರ್ಥನಾ ಮಂದಿರದ ಹೊರಗೆ ವೆಂಡೆಲ್ ಒಬ್ಬನೇ ನಿಂತಿದ್ದ. ಬಿಗಿಯಾದ ಸೂಟು, ಅಗಲವಾದ ಹೊಟ್ಟೆ, ನರೆತ ಗಡ್ಡ. ಪಾರ್ಕ್ ರಾಯಲ್‌ನ ಬೇಕರಿಯೊಂದರ ಲಾರಿ ಓಡಿಸುತ್ತಿದ್ದ. ಮೋಹಿನಿಯ ಕೈ ಹಿಡಿದು ಶವದ ಕಾರಿನತ್ತ ಗದ್ದ ಎತ್ತಿದ.

"ಪ್ರಾಕ್ಟೀಸಿಗೆ ಒಂದು ದಿನವೂ ಹೊತ್ತಿಗೆ ಸರಿಯಾಗಿ ಬಂದವನಲ್ಲ. ಇವತ್ತು ನೋಡು."

ಅವಳಿಗೆ ನಗು ಬಂತು, ಅದರ ಹಿಂದೆಯೇ ಅಳು. ಒಳಗೊಂದು ಚಿತ್ರ ತೋರಿಸುತ್ತಾರೆ ಎಂದಳು. ಅವನು ತನ್ನ ಬೂಟು ನೋಡಿಕೊಂಡ.

"ಯಾವುದನ್ನು ತೋರಿಸುತ್ತಾರೆ ಅಂತ ಗೊತ್ತು. ನಾನು ಹಿಂದಿನ ಸಾಲಿನಲ್ಲಿರ್ತೇನೆ. ಅವನಿಗೆ ವಿದಾಯ ಹೇಳಲು ಬಂದವನು, ಜಗಳಕ್ಕಲ್ಲ."

ಜಗಳಕ್ಕೆ ಬಂದಿದ್ದರೆ ಅವಳಿಗೆ ಸುಲಭವಾಗುತ್ತಿತ್ತು.

ಒಳಗೆ ಮುಂದಿನ ಸಾಲುಗಳಲ್ಲಿ ಚಾನೆಲ್‌ನವರು, ಅವರ ಹಿಂದೆ ಟೋಪಿ ತೊಟ್ಟ, ಜಮೈಕಾ ಮೂಲದ ಲೆಸ್ಟರನ ಸೋದರತ್ತೆಯರು, ಬದಿಯಲ್ಲಿ ಇಲ್ಫರ್ಡಿನ ಕನ್ನಡದವರು. ಪಾದ್ರಿ ಪ್ರಾರ್ಥನೆ ಓದಿದ. ಕರುಣಾಕರ ಪೆಟ್ಟಿಗೆಯ ಮೇಲೆ ತುಳಸಿ ಇಟ್ಟು, ಕೈ ಹಿಂತೆಗೆಯಲು ಮರೆತವರಂತೆ ನಿಂತರು. ಗ್ಯಾರೆತ್ ಎದ್ದು, ಲೆಸ್ಟರ್ ನಮ್ಮ ಕುಟುಂಬದವನು ಎಂದ. ದೀಪಗಳು ಮಂಕಾದವು, ಗೋಡೆಯ ಮೇಲೆ ಲೆಸ್ಟರ್ ನಗತೊಡಗಿದ.

ಮೋಹಿನಿ ಹಿಂತಿರುಗಿ ನೋಡಿದಳು. ಕೊನೆಯ ಸಾಲಿನಲ್ಲಿ ವೆಂಡೆಲ್ ತಲೆ ತಗ್ಗಿಸಿದ್ದ. ಗೋಡೆಯ ಮೇಲೆ ಕೆಸರಿನ ಮೈದಾನ ಮೂಡಿತು. ಮುಂದಿನ ಸಾಲಿನಲ್ಲಿ ಯಾರೋ ಚಪ್ಪಾಳೆಗೆ ಕೈ ಜೋಡಿಸಿದರು.

ಅವಳು ಎದ್ದಳು. ಬೆಳಕಿಗೂ ಗೋಡೆಗೂ ನಡುವೆ ಹೋಗಿ ನಿಂತಳು. ಮೈದಾನ ಅವಳ ಬಿಳಿ ಸೀರೆಯ ಮೇಲೆ ಬಿತ್ತು.

"ಈ ಗೋಲು ವೆಂಡೆಲ್ ಬ್ಯಾರೆಟ್‌ನದು," ಎಂದಳು, ಎಲ್ಲರಿಗೂ ತಿಳಿಯುವಂತೆ ಇಂಗ್ಲಿಷಿನಲ್ಲಿ. "ಅವನು ಅಲ್ಲಿ ಹಿಂದೆ ಕೂತಿದ್ದಾನೆ. ಚೆಂಡು ಕೊಟ್ಟವನು ನನ್ನ ಗಂಡ, ಅದನ್ನು ನೀವು ಕತ್ತರಿಸಿ ಹಾಕಿದ್ದೀರಿ. ನಿಮ್ಮ ತಪ್ಪು ನನ್ನ ಗಂಡನಿಗೆ ಗೊತ್ತಿತ್ತು. ಅವನು ಹೇಳಲಿಲ್ಲ. ನಿಮ್ಮ ಕೆಲಸ ಅವನಿಗೆ ಬೇಕಿತ್ತು."

ಗ್ಯಾರೆತ್ ಕತ್ತಿನ ಬಳಿ ಕೈ ಆಡಿಸಿ, ಆರಿಸು ಎಂದು ಸನ್ನೆ ಮಾಡಿದ. ಪ್ರೊಜೆಕ್ಟರಿನವನು ಗಾಬರಿಯಲ್ಲಿ ಆರಿಸುವ ಬದಲು ಚಿತ್ರವನ್ನು ಇದ್ದಲ್ಲೇ ನಿಲ್ಲಿಸಿಬಿಟ್ಟ. ಸಂಗೀತ ತುಂಡಾಯಿತು. ಗಾಳಿಗೆ ಎದ್ದ ಆಟಗಾರ ಅವಳ ಎದೆಯಿಂದ ಮೊಣಕಾಲವರೆಗೆ ತೂಗಿಕೊಂಡು ಉಳಿದ. ನೆರಿಗೆಗಳ ಏರಿಳಿತದಲ್ಲಿ ಮುಖ ಹರಿದುಹೋಗಿತ್ತು. ಅದು ಯಾರೂ ಆಗಿರಬಹುದಿತ್ತು.

ಹಿಂದೆ ವೆಂಡೆಲ್ ಎದ್ದು ನಿಂತಿದ್ದ.

ಸಮೀಕ್ಷಾ ಕುರ್ಚಿಯಿಂದ ಎದ್ದಳು. ಬಾಗಿಲತ್ತ ನಡೆಯುತ್ತಾಳೆಂದು ಮೋಹಿನಿ ಅಂದುಕೊಂಡಳು. ಹುಡುಗಿ ನೇರ ಬೆಳಕಿನೊಳಕ್ಕೆ ಬಂದಳು. ತಾಯಿಯ ಬೆನ್ನ ಮೇಲೆ ಇಳಿಬಿದ್ದಿದ್ದ ಸೆರಗನ್ನು ಮುಂದಕ್ಕೆ ತಂದು, ಅದರ ಎರಡು ತುದಿಗಳನ್ನು ಎರಡು ಕೈಯಲ್ಲಿ ಹಿಡಿದು, ಒಂದೂ ಸುಕ್ಕಿಲ್ಲದಂತೆ ಬಿಗಿಯಾಗಿ ಎಳೆದಳು. ಬಟ್ಟೆಯ ಮೇಲೆ ಆಟಗಾರನ ಮುಖ ಸರಿಯಾಗಿ ಕೂಡಿಕೊಂಡಿತು. ಅವಳು ಅದನ್ನು ನೋಡಿದಳು, ಕೊನೆಯ ಸಾಲಿನಲ್ಲಿ ನಿಂತ ವೆಂಡೆಲ್‌ನತ್ತ ನೋಡಿದಳು, ಬಟ್ಟೆಯನ್ನು ಸಡಿಲ ಬಿಡಲಿಲ್ಲ.